ಉಣ್ಣೆ ಉಂಡವರು

ಕಂಬಳಿ ಮುಟ್ಟಿ ನೋಡಿ ಚುಚ್ಚುತ್ತೆ ಅಂದಿರಿ.
ಚುಚ್ಚಲಿ ಸ್ವಾಮಿ. ಚುಚ್ಚದ್ದು ಕಾಯುವುದಿಲ್ಲ.
ದುರ್ಗದಲ್ಲೂ ಚಳಿಯೇ ಎಂದು ನಕ್ಕಿರಿ ನೋಡಿ,
ಆ ನಗು ಹಳೆಯದು.
ಅದನ್ನೇ ನಕ್ಕವರ ದಂಡೊಂದು
ಈ ಕೋಟೆಯ ಕೆಳಗೆ ಡೇರೆ ಹೊಡೆದಿತ್ತು.

ಯಾರ ದಂಡು, ಯಾವ ಕಾಲ, ನನ್ನ ಕೇಳಬೇಡಿ.
ಮೇಲೆ ಗೈಡು ಇದ್ದಾನೆ, ಇಸವಿ ಸಮೇತ ಹೇಳುತ್ತಾನೆ.
ನಾನು ಕುಣಿಮಗ್ಗದವನು,
ಸೊಂಟದಿಂದ ಕೆಳಗೆ ನೆಲದೊಳಗಿದ್ದು
ಕೇಳಿಸಿಕೊಂಡಿದ್ದು ಇಷ್ಟು:

ಬಂದಾಗ ಮಹಾನವಮಿ ಕಳೆದು ನಾಲ್ಕು ದಿನ.
ಬಿಸಿಲು ಹದವಾಗಿತ್ತು, ಸಜ್ಜೆ ತೆನೆ ಕಟ್ಟಿತ್ತು.
ತೆಳ್ಳನೆ ಅಂಗಿಯವರು, ಸಮುದ್ರದ ಕಡೆಯವರು,
ಹದಿನೈದು ದಿನದ ಮಾತು ಎಂದು
ಮನೆಯಲ್ಲಿ ಹೇಳಿ ಬಂದವರು.
ಹಟ್ಟಿಗೆ ನುಗ್ಗಿ ಕುರಿ ಹಿಡಿದರು.
ಮೊದಲು ಟಗರು, ಆಮೇಲೆ ಗಬ್ಬದ ಕುರಿ, ಆಮೇಲೆ ಮರಿ.
ರಾತ್ರಿಯೆಲ್ಲ ಬೆಂಕಿ, ಎಲುಬು, ಹಾಡು.
ತುಪ್ಪಟ ಸುಟ್ಟ ಕಮಟು
ತಿಂಗಳುಗಟ್ಟಲೆ ಹಟ್ಟಿಯ ಮೂಗಿನಲ್ಲಿತ್ತಂತೆ.

ಕೋಟೆ ಬೀಳಲಿಲ್ಲ.
ಕಲ್ಲಿಗೇನು ಅವಸರ?

ಕಾರ್ತೀಕ ಮುಗಿಯುವಾಗ ಮೂಡಲಿಂದ ಮೋಡ ಬಂತು.
ಅಕಾಲದ ಜಡಿ. ಒಂಬತ್ತು ದಿನ.
ಎರೆ ನೆಲ ಗೊತ್ತಲ್ಲ ನಿಮಗೆ? ಗೊತ್ತಿರಲಾರದು.
ಒಣಗಿದಾಗ ಬಾಯಿ ಬಿಡುತ್ತದೆ, ನೆನೆದಾಗ ಮುಚ್ಚುತ್ತದೆ,
ಮುಚ್ಚಿದ ಬಾಯೊಳಗೆ ಏನಿದ್ದರೂ ಅದರದೇ.
ತೋಪಿನ ಗಾಡಿಗಳು ಅಚ್ಚಿನ ಮಟ್ಟ ಹೂತವು.
ಎತ್ತು ಮಂಡಿಯೂರಿದವು, ಮತ್ತೆ ಏಳಲಿಲ್ಲ.
ಮದ್ದು ಅಂಬಲಿಯಾಯಿತು.

ಮಳೆ ನಿಂತ ರಾತ್ರಿ ಆಕಾಶ ತೊಳೆದಿಟ್ಟ ಕಂಚು.
ಜೋಗಿಮಟ್ಟಿಯಿಂದ ಗಾಳಿ ಇಳಿಯಿತು.
ಇಲ್ಲಿ ಹಿಮ ಬೀಳುವುದಿಲ್ಲ, ಸುಳ್ಳು ಹೇಳಲಾರೆ,
ಕೊಡದ ನೀರು ಕಲ್ಲಾಗುವುದಿಲ್ಲ.
ನಮ್ಮದು ಬಡ ಚಳಿ. ಒಂಟಿಯಾಗಿ ಬಂದರೆ ಯಾರನ್ನೂ ಕೊಲ್ಲದು.
ಆ ವರ್ಷ ಒದ್ದೆ ಬಟ್ಟೆ, ಖಾಲಿ ಹೊಟ್ಟೆ, ಹೊಂಡದ ನೀರಿನ ಜ್ವರ
ಈ ಮೂವರ ಹೆಗಲ ಮೇಲೆ ಕೈ ಹಾಕಿಕೊಂಡು ಬಂತು.
ಬೆಳಿಗ್ಗೆ ಡೇರೆಗಳ ಬಾಯಿಂದ ಕಾಲುಗಳು ಚಾಚಿದ್ದವು.
ಎಬ್ಬಿಸಲು ಹೋದವನೂ ಅಲ್ಲೇ ಕೂತ.

ಆಗ ಬಂದ ದಳವಾಯಿಯ ಕಡೆಯವನೊಬ್ಬ
ಹಟ್ಟಿಗೆ, ಚೀಲದ ತುಂಬ ಹೊನ್ನು.
ಸಾವಿರ ಕಂಬಳಿ ಬೇಕಂತೆ, ಕೇಳಿದ ಬೆಲೆಯಂತೆ.
ಗಂಡಸರಿರಲಿಲ್ಲ. ಮಾಳವ್ವ ಹೊರಗೆ ಬಂದಳು,
ಕೈಯಲ್ಲಿ ನೂಲಿಲ್ಲದ ಕದಿರು.
ಹೊನ್ನಿನ ಕಡೆ ನೋಡದೆ ಕುರಿದೊಡ್ಡಿ ತೋರಿಸಿದಳು.
“ಉಣ್ಣೆ ಎಲ್ಲಿಂದ ತರಲಪ್ಪ?
ನೀವೇ ಉಂಡಿರಿ.”
ಅವನಿಗೆ ನಮ್ಮ ಮಾತು ಬರುತ್ತಿರಲಿಲ್ಲ.
ದೊಡ್ಡಿ ನೋಡಿದ. ತಿಳಿಯಿತು.

ಇಲ್ಲಿಗೆ ನಿಲ್ಲಿಸಿದರೆ ಚೆಂದ. ನಮ್ಮಪ್ಪ ಇಲ್ಲಿಗೇ ನಿಲ್ಲಿಸಿ
ಎಲೆ-ಅಡಿಕೆ ಹಾಕಿಕೊಳ್ಳುತ್ತಿದ್ದ.
ಉಳಿದದ್ದು ಅಜ್ಜಿ ಹೇಳಿದ್ದು, ಒಮ್ಮೆ ಮಾತ್ರ,
ಗಂಜಿ ಹಚ್ಚುತ್ತಾ, ಮುಖ ಎತ್ತದೆ:

ದಂಡು ಕಾಲ್ತೆಗೆದ ರಾತ್ರಿ
ಹಟ್ಟಿಯ ಕಾರೆಮುಳ್ಳಿನ ಬೇಲಿಗೆ ಒರಗಿ
ಒಬ್ಬ ಹುಡುಗ ಉಳಿದಿದ್ದ, ಮೀಸೆ ಬಾರದವನು.
ಹಲ್ಲು ಕಡಿಯುವ ಸದ್ದು. ಇಷ್ಟೊತ್ತಿನಲ್ಲಿ
ಯಾರು ಮಗ್ಗಕ್ಕೆ ಕೂತರೆಂದು ಮಾಳವ್ವ ಎದ್ದು ಬಂದಳಂತೆ.
ಮನೆಯಲ್ಲಿದ್ದದ್ದು ಒಂದೇ ಕಂಬಳಿ,
ಅದರಡಿ ಮೂರು ಮಕ್ಕಳು.
ಬಹಳ ಹೊತ್ತು ನಿಂತಳು.
ಒಳಗೆ ಹೋದಳು. ಅಗುಳಿ ಹಾಕಿದಳು.
ಆ ಮಗ್ಗ ರಾತ್ರಿಯೆಲ್ಲ ನೇಯುತ್ತಲೇ ಇತ್ತು,
ಕೋಳಿ ಕೂಗುವ ಮುಂಚೆ ನಿಂತಿತು.

ಗೆದ್ದವರು ನಾವೇ. ಗೈಡು ಹೇಳುವುದರಲ್ಲಿ ತಪ್ಪಿಲ್ಲ.

ಎಂಟುನೂರಕ್ಕೆ ಆಗುವುದಿಲ್ಲ ಸ್ವಾಮಿ.
ಹುಣಸೆಬೀಜದ ಗಂಜಿಗೇ ಎರಡು ದಿನ ಬಿಸಿಲು ಬೇಕು.
ಯೋಚಿಸಿ, ಆತುರವಿಲ್ಲ.
ಆ ಬಂಡೆಯ ಮೇಲೆ ಕೂತಿರಿ, ಇನ್ನೂ ಬೆಚ್ಚಗಿದೆ.
ದೀಪ ಹಚ್ಚುವ ತನಕ ಕೊಡುತ್ತದೆ.
ಆಮೇಲೆ ನಿಮ್ಮಿಂದ ತೆಗೆದುಕೊಳ್ಳುತ್ತದೆ.