ಬಿಕ್ಕಳಿಕಿ

ಗೋಕುಲ ರೋಡಿನ ಬಾರು, ಮ್ಯಾಲಿನ ಮಾಳಿಗಿ,
ಫ್ಯಾಮಿಲಿ ಸೆಕ್ಷನ್ ಅಂತ ಬೋರ್ಡು.
ನಾ ಒಬ್ಬಾಕಿನ ಫ್ಯಾಮಿಲಿ.
ವೇಟರ್ ಎರಡು ಗ್ಲಾಸು ಇಟ್ಟ, ನನ್ನ ಮಾರಿ ನೋಡಿ
ಒಂದು ಎತ್ತಿಕೊಂಡ,
ಏನು ವಿಚಾರ ಮಾಡಿದನೋ, ಮತ್ತ ತಂದು ಇಟ್ಟ.

ಬರ್ತೀನಂದ ಕಸ್ತೂರಿ ಬರಲಿಲ್ಲ.
ಬೈಲಹೊಂಗಲದಿಂದ ನಾದಿನಿ ಬಂದಾಳಂತ,
ಯಾವಾಗ ಹೊಂಡ್ತೀರಿ ಅಂತ ಕೇಳಾಕ ಬರಂಗಿಲ್ಲಂತ.

ಆ ಆ್ಯಪು ಹೋದ ತಿಂಗಳ ತಗದು ಒಗದೇನಿ.
ಎಂಟು ತಿಂಗಳು ಹೆಬ್ಬೆಟ್ಟಿನಿಂದ ಗಂಡಸರ್ನ ಸರಿಸಿ ಸರಿಸಿ
ಅಂಗಡ್ಯಾಗ ಕಣ್ಣಿನ ನಂಬರ ತಗಿಯೂ ಮುಂದ ಸೈತ
ಗಿರಾಕೀನ ಎಡಕ್ಕ ಸರಿಸಿಬಿಡ್ತೀನೇನೋ ಅನ್ನಂಗ ಆಗಿತ್ತು.
ಎಲ್ಲಾರೂ ಬುಲೆಟ್ ಗಾಡಿ ಮ್ಯಾಲ, ಎಲ್ಲಾರಿಗೂ ಕಪ್ಪು ಚಶ್ಮಾ,
ಎಲ್ಲಾರಿಗೂ ಪ್ರವಾಸ ಅಂದ್ರ ಪ್ರಾಣ.
ಕಣ್ಣು ನೋಡಿ ಹೊಟ್ಟಿ ಹೊರಿಯಾಕಿ ನಾ,
ಒಬ್ಬರದೂ ಕಣ್ಣು ಕಾಣಲಿಲ್ಲ.
ಒಬ್ಬಾಂವ ದಿನಾ ರಾತ್ರಿ ಕೇಳತಿದ್ದ: ಊಟ ಆತಾ?
ಆತು ಅಂದೆ. ಆತು ಅಂದೆ.
ಇಪ್ಪತ್ತೊಂದನೇ ದಿನ, ಇಲ್ಲ ಅಂದೆ.
ಹೆಬ್ಬೆಟ್ಟು ಎತ್ತಿದ ಚಿತ್ರ ಕಳಿಸಿದ.

ಬಾಜೂ ಟೇಬಲ್ಲಿನಾಂವ ಮೆನು ಕಾರ್ಡು
ಕೈ ಚಾಚಿ ದೂರ ಹಿಡದು, ಇನ್ನೂ ದೂರ ಹಿಡದು ಓದತಿದ್ದ.
ಪ್ಲಸ್ ಒಂದೂವರಿ, ಅಂದೆ ಮನಸಿನ್ಯಾಗ.
ನಲವತ್ತೆರಡು ದಾಟೇತಿ.
ಆ್ಯಪಿನ್ಯಾಗಾದ್ರ ಮೂವತ್ತಾರು ಅಂತಿದ್ದ.

ಅಷ್ಟರಾಗ ನನ್ನ ಖೀಮಾ ಬಂತು, ಸಾವಜಿ ಖಾರದ್ದು,
ಎಣ್ಣಿ ಕೆಂಪಗ ಮ್ಯಾಲ ತೇಲತಿತ್ತು.
ಎರಡು ತುತ್ತಿಗೆ ಬಿಕ್ಕಳಿಕಿ ಹತ್ತಿತು.
ಎಂಥಾ ಬಿಕ್ಕಳಿಕಿ! ಟೇಬಲ್ಲು ಅಲುಗಿ
ಬಿಯರಿನ ಬುರುಗು ಚೆಲ್ಲಿತು.
ನೀರು ಕುಡದೆ, ಉಸಿರು ಹಿಡದೆ,
ಸಕ್ಕರಿ ತರಾಕ ವೇಟರ್ ಓಡಿದ.

‘ಯಾರೋ ನೆನಸಾಕತ್ತಾರ ನೋಡ್ರಿ ನಿಮ್ಮನ್ನ,’
ಅಂತು ಮೆನು ಕಾರ್ಡು.
‘ಹೆಸರು ಹೇಳ್ರಿ. ಖರೇ ಹೆಸರಿಗೆ ನಿಂದರತೈತಿ.’

ಅವ್ವ, ಅಂದೆ. ಹಿಕ್.
ಕಸ್ತೂರಿ. ಹಿಕ್.
ನಮ್ಮ ಅಂಗಡಿ ಕಬಾಡಿ ಶೇಠ. ಹಿಕ್, ಹಿಕ್.
‘ಭಾಳ ನೆನಸ್ತಾರ ಕಾಣ್ತೈತಿ ಅವರು.’
‘ರಜಾ ಹಾಕಿದ ದಿನ ಅಷ್ಟ.’
ಬಿಟ್ಟ ಗಂಡನ ಹೆಸರು ನಾಲಿಗಿ ತುದಿಗೆ ಬಂತು.
ಅದರ ಮ್ಯಾಲ ಒಂದು ಗುಟುಕು ಕುಡದೆ.

‘ಮುಗದುವ ಹೆಸರು?’
‘ಮುಗದುವು.’
‘ಹಂಗಾರ ನಂದೊಂದು ಹೇಳಿ ನೋಡ್ರಿ.’
‘ನಿಮ್ಮ ಹೆಸರು ನನಗೇನು ಗೊತ್ತು?
ಮತ್ತ ಎದುರಿಗೇ ಕುಂತಾಕಿನ್ನ ನೀವ್ಯಾಕ ನೆನಸ್ತೀರಿ?’
‘ನೆನಸಬಾರದಂತ ಎಲ್ಲೆರ ಬರದೈತೇನ್ರಿ?
ಈ ಮೆನು ಕಾರ್ಡಿನ್ಯಾಗಂತೂ ಇಲ್ಲ.’
‘ಮೆನು ಕಾರ್ಡು ನಿಮಗ ಕಾಣಂಗೇ ಇಲ್ಲಲ್ಲ.’

ನಕ್ಕ. ಮುಂದಿನ ಹಲ್ಲೊಂದು ತುಸು ಸೊಟ್ಟ,
ಯಾರೂ ಫೋಟೋದಾಗ ತೋರಸದಂಥಾದ್ದು.
ಆ ಎರಡನೇ ಗ್ಲಾಸು ಅಂವನ ಕಡೆ ಸರಿಸಿದೆ.
ಎಡಕ್ಕ ಕುಂತಿದ್ದ, ಏನು ಮಾಡೂದು.

ಶಿರಹಟ್ಟಿ ಕಡೆಯಾಂವ. ಅಮರಗೋಳ ಮಾರ್ಕೆಟ್ಟಿನ್ಯಾಗ
ತಕ್ಕಡಿ ರಿಪೇರಿ. ಹೆಬ್ಬೆಟ್ಟು ಒತ್ತಿ ತೂಗೋರ್ನ
ಹತ್ತು ಮಾರು ದೂರಿಂದ ಹಿಡೀತೀನಿ ಅಂದ.
ಹೆಬ್ಬೆಟ್ಟು ಅಂದಕೂಡಲೇ ನನಗ ನಗಿ,
ಯಾಕಂತ ಅಂವಗ ಗೊತ್ತಾಗಲಿಲ್ಲ.
ಗೊತ್ತಿಲ್ಲದನ ತಾನೂ ನಕ್ಕ.

‘ಫಕ್ಕೀರೇಶ,’ ಅಂದ ಆಮ್ಯಾಲ,
ಪಾವತಿ ಕೊಟ್ಟಂಗ.

ಅಷ್ಟೊತ್ತಿಗೆ ಬಿಕ್ಕಳಿಕಿ ನಿಂತುಬಿಟ್ಟಿತ್ತು.
ಯಾವಾಗ ನಿಂತಿತೋ. ತಕ್ಕಡಿ ಮಾತಿನ್ಯಾಗೋ, ಹಲ್ಲಿನ್ಯಾಗೋ.
ವೇಟರ್ ಸಕ್ಕರಿ ಬಟ್ಟಲ ಹಿಡಕೊಂಡು
ಯಾರ ಕೈಗೆ ಕೊಡಬೇಕಂತ ತಿಳೀದ ನಿಂತಿದ್ದ.

ಮೂವತ್ತೆಂಟು ವರ್ಷ ಖಾರ ತಿಂದ ಈ ಗಂಟಲಿಗೆ
ಅವತ್ತ ಮೊದಲ ಸಲ ಸುಳ್ಳು ಕಲಿಸಿದೆ.
‘ಹಿಕ್,’ ಅಂದೆ.

ಅಂವಾ ತಲಿ ಒಂದೀಟು ವಾರಿ ಮಾಡಿದ,
ಮುಳ್ಳು ನಿಂದರೂದು ಕಾಯೂ ತಕ್ಕಡಿಯಾಂವನಂಗ.
‘ಇದು ತೂಕಕ್ಕ ಕಮ್ಮಿ ಐತ್ರಿ,’ ಅಂದ.
‘ಇರಲಿ. ಹೆಸರು ಹೇಳ್ರಿ.’