ಅರಿಸಮಾಸ

ಪಣಂಬೂರಿನ ಹಡಗಿನಿಂದ ಕಂಕನಾಡಿಗೆ ತಂದವನ
ಕಾಲು ಮೂರು ಕಡೆ ಮುರಿದಿತ್ತು.
ಕಿಸೆಯಲ್ಲಿ ಪ್ಲಾಸ್ಟಿಕ್ ತೊಡಿಸಿದ ಚೀಟಿ:
ಹಿಂದೊಮ್ಮೆ ಹ್ಯಾಂಬರ್ಗಿನಲ್ಲಿ ಕೊಯ್ಯಿಸಿಕೊಂಡಾಗ
ಮೈಗೆ ಒಗ್ಗಿದ ನೋವಿನ ಮದ್ದು ಇದು ಎಂದು
ಯಾರೋ ದೊಡ್ಡಕ್ಷರದಲ್ಲಿ ಬರೆದುಕೊಟ್ಟದ್ದು.

ಪಿರಿಟ್ರಮೈಡ್.

ಕಿಟಕಿಯ ಈಚೆ ನಾನು, ರಾತ್ರಿ ಪಾಳಿ.
ಎರಡು ಬೀಗದ ಕಪಾಟು; ಒಂದು ಕೀ ನನ್ನ ಸೊಂಟದಲ್ಲಿ,
ಇನ್ನೊಂದು ಸಿಸ್ಟರ್ ಪ್ರೆಸಿಲ್ಲಾರ ಕೊರಳಲ್ಲಿ, ಶಿಲುಬೆಯ ಜತೆ.
ಇಪ್ಪತ್ತೆರಡು ವರ್ಷ ಡಾಕ್ಟರುಗಳ ಗೀಚು ಓದಿದವಳು
ಇದನ್ನು ಮಾತ್ರ ಕಂಡಿರಲಿಲ್ಲ.
ದಪ್ಪ ಪುಸ್ತಕದಲ್ಲಿ ಎರಡು ಸಾಲು ಇತ್ತು:
ಅಫೀಮಿನ ಬಳಗ, ಗಿಡ ಕಾಣದ್ದು, ಕೈಯಾರೆ ಕಟ್ಟಿದ್ದು.
ಕೆಲವು ದೇಶಗಳಲ್ಲಿ, ಆಪರೇಶನ್ ಆದ ಮೇಲೆ.
ನಮ್ಮ ಕಪಾಟಿನಲ್ಲಿ ಇಲ್ಲ.

ಇಲ್ಲದ್ದಕ್ಕೆ ಬದಲಿ ಮಾರ್ಫಿನ್ ಕೊಟ್ಟು
ಕೆಂಪು ಶಾಯಿಯಲ್ಲಿ ಬರೆದುಕೊಂಡೆವು. ಅವನು ಮಲಗಿದ.

ಮಲಗದವರು ಪಕ್ಕದ ಮಂಚದ ದೂಮಪ್ಪ ಮಾಸ್ಟ್ರು.
ಮೂಲ್ಕಿಯಲ್ಲಿ ಮೂವತ್ತು ವರ್ಷ ಹಳಗನ್ನಡ ಹೇಳಿದವರು,
ಈಗ ಬೆನ್ನುಮೂಳೆಯೊಳಗೆ ಏಡಿ.
"ಏನಮ್ಮ ಆ ಹೆಸರು? ಇನ್ನೊಮ್ಮೆ ಹೇಳು."
ಹೇಳಿದೆ. ಕನ್ನಡಕ ಕೇಳಿದರು.
ಮಾತ್ರೆಯ ಲಕೋಟೆಯ ಬೆನ್ನಿಗೆ ಕನ್ನಡದಲ್ಲಿ ಬರೆಸಿಕೊಂಡು
ಬೆರಳಿಟ್ಟು ಬಿಡಿಸತೊಡಗಿದರು,
ಬಂಗುಡೆಯ ಮುಳ್ಳು ಬಿಡಿಸಿದ ಹಾಗೆ.

"ಪಿರಿ. ನಮ್ಮದೇ.
ಹಿರಿದು ಮೊದಲು ಪಿರಿದೇ ಆಗಿತ್ತು,
ಹಾಲು ಪಾಲ್, ಹೂವು ಪೂ.
ನಮ್ಮ ತುಳು ಆ ಪೂವನ್ನು ಇನ್ನೂ ಬಾಡಲು ಬಿಟ್ಟಿಲ್ಲ.
ಟ್ರ ಅಂತ ಇದೆ, ಸಮುದ್ರದ ಮೇಲೆ ಬರುವಾಗ ನಾಲಿಗೆ ಮಡಚಿಕೊಂಡದ್ದು,
ನೀಟಿದರೆ ತ್ರ. ಕಾಯುವುದು.
ಬಿಸಿಲಿಂದ ಕಾಯುವ ಕೊಡೆ ಆತಪತ್ರ ಅಲ್ಲವಾ, ಹಾಗೆ.
ಮೈ ಅಂದರೆ ಮೈಯೇ. ಅದಕ್ಕೆ ನಿಘಂಟು ಬೇಡ."

ನಿಂತರು.

"ಆದರೆ ಇದು ಅರಿಸಮಾಸ.
ಕನ್ನಡದ ಪಿರಿಗೆ ಸಂಸ್ಕೃತದ ಬಾಲ, ವೈರಿಗಳ ಮದುವೆ.
ಪರೀಕ್ಷೆಯಲ್ಲಿ ಅರ್ಧ ಅಂಕ ಕಳೆಯುತ್ತಿದ್ದೆ."
ಬೆನ್ನು ಸೆಟೆಯಿತು. ಮಂಚದ ಸರಳು ಹಿಡಿದು, ಬಿಟ್ಟು,
"ಇವತ್ತು ಕಳೆಯುವುದಿಲ್ಲ," ಅಂದರು.

ಕೊನೆಯ ಡ್?

"ಅದಕ್ಕೆ ಸ್ವರ ಇಲ್ಲ, ಅರ್ಥವೂ ಇಲ್ಲ.
ಅದು ನನಗಿರಲಿ."

ಮದ್ದಿನ ಹೆಸರು ಹಾಗೆ ಹುಟ್ಟುವುದಲ್ಲ ಎಂದು ನನಗೆ ಗೊತ್ತು.
ಅಣುವಿನ ಕೈ ಒಂದಿಷ್ಟು, ಕಾಲು ಒಂದಿಷ್ಟು ಕತ್ತರಿಸಿ
ಯಾರದೋ ಮೇಜಿನ ಮೇಲೆ ಅಂಟಿಸಿದ್ದು.
ಮರುದಿನ ಹುಡುಕಿದೆ: ಒಳಗೆ ಎರಡು ಉಂಗುರ,
ಪೈಪರಿಡೀನ್ ಎಂದು ಅವಕ್ಕೆ ಹೆಸರು,
ಆ ಹೆಸರು ಒಳ್ಳೆಮೆಣಸಿನದು,
ಮೆಣಸಿಗೆ ಆ ಕಡೆಯವರು ಕರೆದ ಹೆಸರು ನಮ್ಮ ಪಿಪ್ಪಲಿಯದು.
"ಪಿಪ್ಪಲಿ! ಹಿಪ್ಪಲಿ!" ಮಾಸ್ಟ್ರು ನಕ್ಕರು, ನಗುವುದೂ ನೋಯುತ್ತಿತ್ತು,
"ಹಾಗಾದರೆ ಈ ಕರಾವಳಿಯಿಂದಲೇ ಹೋದದ್ದು, ಮಾರಾಯ್ತಿ,
ಕಾಲು ಮುರಿದುಕೊಂಡು ವಾಪಸು ಬಂದಿದೆ."

ಅರ್ಥ ಆಯಿತು, ಪ್ರಯೋಗ ಬೇಕಲ್ಲ ಎಂದವರು
ಆ ಸಂಜೆಯಿಂದ ಸೂಜಿಯ ಹೊತ್ತಾದರೆ
"ಪಿರಿತ್ರಮೈ ಬರಲಿ" ಅನ್ನುತ್ತಿದ್ದರು.
ಬರುತ್ತಿದ್ದದ್ದು ಮಾರ್ಫಿನ್.
ಪ್ರೆಸಿಲ್ಲಾ ಕೊಂಕಣಿಯಲ್ಲಿ ಗೊಣಗುತ್ತಾ ಅದನ್ನೇ ಅಂದರು,
ನೆಲ ಒರೆಸುವ ಐತಪ್ಪ ಅಂದ,
ಐದನೇ ಮಂಚದ ಗಂಡನಿಗೆ ಗಂಜಿ ಕುಡಿಸುವ ಉಳ್ಳಾಲದ ಝೈನಾಬಿ
ಯಾರನ್ನೂ ಕೇಳದೆ ಕಲಿತಳು.

ಹಡಗಿನವನನ್ನು ಏಜೆಂಟರು ಬಜ್ಪೆಗೆ ಕರೆದೊಯ್ದರು.
ಚೀಟಿ ಅವನ ಕಿಸೆಯಲ್ಲೇ ಹೋಯಿತು.
ಮಾಸ್ಟ್ರು ಆಟಿ ಅಮಾವಾಸ್ಯೆಗೆ ಎರಡು ದಿನ ಇರುವಾಗ.
ಕೊನೆಯ ಆಂಪೂಲಿನಲ್ಲಿ ಅರ್ಧ ಉಳಿದಿತ್ತು,
ಇಬ್ಬರ ಎದುರು ಚೆಲ್ಲಿ, ಇಬ್ಬರ ಸಹಿ ಹಾಕಿ,
ಲೆಕ್ಕ ಸರಿಹೋಯಿತು.

ನಿನ್ನೆ ರಾತ್ರಿ ಎರಡು ಗಂಟೆಗೆ
ಕಿಟಕಿಯ ಆಚೆ ಝೈನಾಬಿಯ ಮುಖ.
"ಅಕ್ಕಾ, ಪಿರಿತ್ರ ಉಂಟಾ?"

ಬಾಯಿಂದ ಬಾಯಿಗೆ ಬರುವಾಗ
ಮೈ ಎಲ್ಲೋ ಬಿದ್ದುಹೋಗಿತ್ತು.

ಉಂಟು, ಅಂದೆ.
ಇನ್ನೊಂದು ಕೀಗಾಗಿ ಪ್ರೆಸಿಲ್ಲಾರನ್ನು ಎಬ್ಬಿಸಲು ಹೋದೆ.