ಡೀರ್ಯಾಟೈಸೇಷನ್

ಶಾರ್ಜಾದ ಬಂದರಿನಲ್ಲಿ ಈ ಪದಕ್ಕೊಂದು ರಬ್ಬರ್ ಸ್ಟಾಂಪಿದೆ.
ನೀಲಿ ಶಾಯಿ, ಉರುಟು ಅಂಚು.
ಬಲದಿಂದ ಅರಬ್ಬಿ ಬರುತ್ತದೆ, ಎಡದಿಂದ ಇಂಗ್ಲಿಷು,
ಎರಡೂ ಎದುರಾಗುವಲ್ಲಿ ಸಣ್ಣದೊಂದು ಖಾಲಿ ಗೆರೆ.
ಅಲ್ಲಿ ನನ್ನ ಸಹಿ.
ಅದು ಬೀಳದೆ ಯಾವ ಪಡಾವೂ ಹಗ್ಗ ಬಿಚ್ಚುವಂತಿಲ್ಲ.

ಕೆಲಸಕ್ಕೆ ಸೇರಿದ ವಾರ ಪದವನ್ನು ಬಿಡಿಸಿ ನೋಡಿದ್ದೆ,
ಬಂಗುಡೆಯ ಮುಳ್ಳು ಬಿಡಿಸುವ ಹಾಗೆ.
ಮುಂದೆ ಒಂದು ಡೀ. ಹಿಂದೆ ಉದ್ದ ಬಾಲ.
ನಡುವೆ ಉಸಿರು ಬಿಗಿಹಿಡಿದು ಕೂತಿದೆ ಇಲಿ.
ಕೊಲ್ಲು ಎಂಬುದು ಎಲ್ಲೂ ಸಿಗಲಿಲ್ಲ.
ತೆಗೆ, ಅಷ್ಟೆ.
ಸೋರೆಯ ತಿರುಳು ತೆಗೆದಂತೆ
ಹಡಗಿನೊಳಗಿಂದ ಇಲಿಯನ್ನು ತೆಗೆ.

ಕನ್ನಡದಲ್ಲಿ ಏನಂತಾರೆ ಅಂತ
ಗಂಗೊಳ್ಳಿಯ ವಾಮನ ಮಾಷ್ಟ್ರಿಗೆ ವಾಯ್ಸ್ ಮೆಸೇಜ್ ಹಾಕಿದೆ.
ಎರಡು ದಿನ ಬಿಟ್ಟು ಉತ್ತರ: ನಿರ್ಮೂಷಿಕೀಕರಣ.
ಅದರ ಬೆನ್ನಿಗೇ ಅವರ ನಗು, ಕೆಮ್ಮು.
'ಹೇಳಿ ಮುಗಿಸುವಷ್ಟರಲ್ಲಿ ಅದು ಬಿಲ ಸೇರಿರುತ್ತೆ ಮಾರಾಯ.
ಇಲಿಪಾಷಾಣ ಅಂದುಬಿಡು.
ಪಾಷಾಣ ಅಂದರೆ ವಿಷವೂ ಹೌದು, ಕಲ್ಲೂ ಹೌದು,
ಎಸೆಯುವವನ ಕೈಗೆ ಬಿಟ್ಟದ್ದು.'

ನಮ್ಮಜ್ಜಿಗೆ ಇದ್ಯಾವುದೂ ಬೇಕಿರಲಿಲ್ಲ.
ದೀಪ ಹಚ್ಚಿದ ಮೇಲೆ ಅವಳು ಇಲಿಯ ಹೆಸರೆತ್ತಳು.
ಹೆಸರು ಹಿಡಿದರೆ ಕೇಳಿಸಿಕೊಳ್ಳುತ್ತವೆ,
ಕೇಳಿಸಿಕೊಂಡರೆ ಬಲೆ ಕಡಿಯುತ್ತವೆ.
ಸಣ್ಣವರು, ಎನ್ನುತ್ತಿದ್ದಳು.
ರಾತ್ರಿ ಸಣ್ಣವರು ಬಂದಿದ್ದರು,
ಹೊಸ ನೂಲಿನ ರುಚಿ ನೋಡಿ ಹೋಗಿದ್ದಾರೆ.
ಬೈಯುವಾಗಲೂ ಬಹುವಚನ.

ಮೊನ್ನೆ ಬಂದದ್ದು ಸಲಾಯಾದ ಪಡಾವು,
ಹಳೇ ಟಯರು, ಹಳೇ ಫ್ರಿಜ್ಜು ತುಂಬಿಕೊಂಡು ಬೊಸಾಸೊಗೆ ಹೊರಡುವುದು.
ನಾಖುದಾ ಜುಸಬ್ ಸಂಘಾರನ ಬಳಿ ಹಿಂದಿನ ಸರ್ಟಿಫಿಕೇಟಿಲ್ಲ.
ಕಳೆದಿದೆ, ಖುದಾ ಕಸಂ, ಡಬ್ಬಿಯಲ್ಲೇ ಇಟ್ಟಿದ್ದೆ.
ಎಲ್ಲರೂ ಹಾಗೇ ಹೇಳುತ್ತಾರೆ.

ಸರಕು ಏರುವ ಮೊದಲು ನೀಲಿ ಬಿಲ್ಲೆಗಳನ್ನಿಟ್ಟೆವು,
ಮೂಲೆಗೊಂದು, ಮೇಣದ್ದು, ಕಡಲೆಹಿಟ್ಟಿನ ವಾಸನೆಯದ್ದು.
ತಿಂದರೆ ಒಡನೆ ಏನೂ ಆಗುವುದಿಲ್ಲ.
ರಕ್ತ ಒಳಗೊಳಗೇ ನೀರಾಗುತ್ತ ಹೋಗುತ್ತದೆ.
ತಿಂದದ್ದಕ್ಕೂ ಸತ್ತದ್ದಕ್ಕೂ ಸಂಬಂಧ ಕಾಣದಿರಲಿ ಎಂದು
ನಡುವೆ ನಾಲ್ಕು ದಿನ ಇಟ್ಟಿದ್ದಾರೆ, ತಿಳಿದವರು.

ಐದನೆಯ ದಿನ ಎಣಿಸಲು ಇಳಿದೆವು.
ಹನ್ನೊಂದು. ಬಾಲ ಹಿಡಿದು ಚೀಲಕ್ಕೆ ಹಾಕಿದ್ದಾಯಿತು.
ಮುಂದುಗಡೆ, ನೀರಿನ ಟ್ಯಾಂಕಿನ ಹಿಂದೆ
ಟೇಕ್ ಬಹಾದುರ್ ಟಾರ್ಚು ಬಿಟ್ಟು
'ದಾಜು' ಅಂದ, ಮೆಲ್ಲಗೆ.

ಗೂಡು.
ಸೆಣಬು, ಒಂದು ಕಾಲುಚೀಲದ ಹಿಮ್ಮಡಿ, ಕಾಗದದ ಚೂರು ಚೂರು.
ಕಾಗದದಲ್ಲಿ ನೀಲಿ ಉರುಟು.
ನನ್ನದೇ ಸಹಿಯ ಕೊಂಬಿನ ಗುರುತು ಸಿಕ್ಕಿತು.
ಹಲ್ಲಿಗೆ ಸಿಕ್ಕಿ ಪದ ಹರಿದಿತ್ತು,
ಡೀ ಇರಲಿಲ್ಲ,
ಯಾವ ಹೊಟ್ಟೆ ಸೇರಿತೋ.
ಇಂಗ್ಲಿಷಿನ ಇಲಿ ಮಾತ್ರ ಪೂರ್ತಿ ಉಳಿದಿತ್ತು.
ಅದರ ಮೇಲೆ ಏಳು ಮರಿ, ನೆನೆಸಿದ ಶೇಂಗಾದ ಬಣ್ಣ,
ಒಂದರ ಮೇಲೊಂದು ಬಿದ್ದು ಏನನ್ನೋ ಹುಡುಕುತ್ತಿದ್ದವು.

ನಾಖುದಾ ಬಗ್ಗಿ ನೋಡಿದ:
'ನಾನು ಸುಳ್ಳು ಹೇಳಿರಲಿಲ್ಲ, ನೋಡಿ.'

ನಮೂನೆಯಲ್ಲಿ ಸತ್ತವು ಎಂಬ ಕಾಲಂ ಇದೆ,
ಜೀವಂತ ಎಂಬುದಿದೆ, ಅಲ್ಲಿ ಸೊನ್ನೆ ಇರಬೇಕು.
ಕಣ್ಣು ಬಿಡದವು ಎಂಬುದಿಲ್ಲ.
ಬಕೆಟ್ ತಾ, ಅಂದೆ.
ಟೇಕ್ ಬಹಾದುರ್ ತಂದ. ಅರ್ಧ ನೀರಿತ್ತು.
ಮುಂದಿನದನ್ನು ಆ ಉದ್ದ ಪದ ಹೇಳುತ್ತದೆ,
ಅದಕ್ಕೇ ಅಲ್ಲವೆ ಅದನ್ನು ಇಟ್ಟಿರುವುದು.

ಮೇಲೆ ಬರುವಾಗ ಮಗ್ರಿಬ್ ಬಾಂಗು ಮುಗಿದಿತ್ತು,
ಧಕ್ಕೆಯುದ್ದಕ್ಕೂ ದೀಪ.
ಆಫೀಸಿನಿಂದ ಹಾನಿ ಸಾಹೇಬನ ಫೋನು:
ಕೊನೆಗೆ ಎಷ್ಟು ಸಿಕ್ಕವು, ಯಾವ ಜಾತಿ?

ಬಾಯಿ ತೆರೆದೆ. ದೀಪ ನೋಡಿದೆ.
'ಸಣ್ಣವರು' ಅಂದೆ, ಕನ್ನಡದಲ್ಲೇ,
'ಹದಿನೆಂಟು ಮಂದಿ.'
ಆಚೆಯಿಂದ ಅವನು
ಹಲೋ, ಹಲೋ ಅನ್ನುತ್ತಿದ್ದ.